ಹೆಸರಿಗೆ ಹೋಟೆಲ್, ಒಳಗೆ ಊರಿನ ಲೆಕ್ಕ: ಪ್ಯಾರಿಸ್ ಟೌನ್ ಹಾಲ್‌ನ ಕಥೆ

ಫ್ರಾನ್ಸ್ ದೇಶದ ಯಾವುದೋ ಪಟ್ಟಣಕ್ಕೆ ನೀವು ಹೋಗಿದ್ದೀರಿ ಅಂದುಕೊಳ್ಳಿ. ಹೊಟ್ಟೆ ಹಸಿದಿದೆ. ಎದುರಿಗೆ ಅರಮನೆಯಂಥ ಕಟ್ಟಡ, ಅದರ ಮೇಲೆ ‘ಒತೆಲ್ ದ ವಿಲ್’ ಅಂತ ಬೋರ್ಡು. ಹೋಟೆಲ್ ಅಂತ ಒಳಗೆ ಹೋದರೆ ಊಟವೂ ಸಿಗುವುದಿಲ್ಲ, ರೂಮೂ ಸಿಗುವುದಿಲ್ಲ. ಸಿಗುವುದು ಜನನ ಪತ್ರ, ಮರಣ ಪತ್ರ, ಮದುವೆ ನೋಂದಣಿ, ಮೇಯರ್ ಕಚೇರಿ. ಫ್ರೆಂಚ್ ಭಾಷೆಯಲ್ಲಿ ‘ಒತೆಲ್’ ಅಂದರೆ ಹಿಂದೆ ದೊಡ್ಡ ಮನೆ ಅಂತ ಅರ್ಥವಿತ್ತು. ‘ಒತೆಲ್ ದ ವಿಲ್’ ಅಂದರೆ ಊರಿನ ದೊಡ್ಡ ಮನೆ. ನಾವು ಟೌನ್ ಹಾಲ್ ಅನ್ನುತ್ತೇವಲ್ಲ, ಅದೇ. ಸಣ್ಣ ಊರುಗಳಲ್ಲಿ ಇದೇ ಕಚೇರಿಗೆ ‘ಮೇರಿ’ ಅನ್ನುತ್ತಾರೆ.

ಇಂಥ ದೊಡ್ಡ ಮನೆಗಳಲ್ಲೆಲ್ಲ ದೊಡ್ಡದು ಪ್ಯಾರಿಸ್‌ನದು. ನಾವು ಪ್ಯಾರಿಸ್‌ಗೆ ಹೋದವರಲ್ಲ. ಓದಿ, ಫೋಟೋ ನೋಡಿ, ನಕ್ಷೆ ಹರಡಿಕೊಂಡು ತಿಳಿದುಕೊಂಡದ್ದನ್ನೇ ಇಲ್ಲಿ ಹೇಳುತ್ತಿದ್ದೇವೆ. ಅಷ್ಟು ದೂರದ ಕಟ್ಟಡದ ಬೆನ್ನು ಹತ್ತಲು ಒಂದು ಕಾರಣವಿದೆ.

ಜಿಲ್ಲೆಯಲ್ಲಿ ಸುದ್ದಿ ಬರೆಯುವ ನಮಗೆ ಸರ್ಕಾರಿ ಕಚೇರಿಯ ಮೆಟ್ಟಿಲು ಮನೆಯ ಮೆಟ್ಟಿಲಿನಷ್ಟೇ ಪರಿಚಯ. ಕೆಲವು ವರ್ಷಗಳ ಹಿಂದೆ ವಯಸ್ಸಾದ ಒಬ್ಬರ ಜನನ ದಾಖಲೆ ಹುಡುಕಲು ಅವರ ಜೊತೆ ಒಂದು ಕಚೇರಿಗೆ ಹೋಗಿದ್ದೆವು. ಅವರಿಗೆ ಬೇಕಿದ್ದ ವರ್ಷದ ರಿಜಿಸ್ಟರು ಮಳೆ ನೀರಿಗೆ ನೆನೆದು, ಹಾಳೆಗಳೆಲ್ಲ ಅಂಟಿಕೊಂಡು ಇಟ್ಟಿಗೆಯ ಹಾಗೆ ಗಟ್ಟಿಯಾಗಿತ್ತು. ‘ಹಂಗಾದ್ರೆ ನಾನು ಹುಟ್ಟೇ ಇಲ್ವೇನಪ್ಪ?’ ಅಂತ ಅವರು ನಗುತ್ತಲೇ ಕೇಳಿದರು. ನಮಗೆ ನಗು ಬರಲಿಲ್ಲ. ಆಮೇಲೆ ಓದುವಾಗ ತಿಳಿಯಿತು: ಪ್ಯಾರಿಸ್‌ನಲ್ಲಿ ಒಂದೇ ದಿನ ಇಡೀ ನಗರದ ಮೂರು ಶತಮಾನಗಳ ಹುಟ್ಟು, ಸಾವು, ಮದುವೆಯ ಲೆಕ್ಕ ಸುಟ್ಟುಹೋಗಿತ್ತು. ಅದು ಸುಟ್ಟದ್ದು ಈ ಕಟ್ಟಡದ ಜೊತೆಯಲ್ಲೇ.

ಮರಳ ದಂಡೆಯ ಮೇಲಿನ ಊರು

ಪ್ಯಾರಿಸ್ ನಗರದ ನಡುವೆ ಸೇನ್ ನದಿ ಹರಿಯುತ್ತದೆ. ನದಿಯ ಬಲದಂಡೆಯಲ್ಲಿ ಒಂದು ಕಡೆ ಮರಳು, ಜಲ್ಲಿಕಲ್ಲಿನ ಇಳಿಜಾರು ಇತ್ತು. ಫ್ರೆಂಚ್‌ನಲ್ಲಿ ಇಂಥ ದಂಡೆಗೆ ‘ಗ್ರೆವ್’ ಅನ್ನುತ್ತಾರೆ. ದೋಣಿಗಳು ಬಂದು ನಿಲ್ಲಲು ಅನುಕೂಲವಾದ ಜಾಗ. 1141ರಲ್ಲಿ ಏಳನೇ ಲೂಯಿ ರಾಜ ಈ ಬಯಲನ್ನು ಅಲ್ಲಿನ ನಿವಾಸಿಗಳಿಗೆ 70 ಲಿವ್ರ್ ಹಣಕ್ಕೆ ಬಿಟ್ಟುಕೊಟ್ಟ. ಲಿವ್ರ್ ಅಂದರೆ ಆ ಕಾಲದ ನಾಣ್ಯದ ಲೆಕ್ಕ. ಬಯಲು ಬಯಲಾಗಿಯೇ ಉಳಿಯಬೇಕು, ಅದರ ಮೇಲೆ ಕಟ್ಟಡ ಎಬ್ಬಿಸಬಾರದು ಅಂತ ಷರತ್ತು. ಆ ಷರತ್ತಿನ ಫಲವಾಗಿ ಆ ಜಾಗ ಇವತ್ತಿಗೂ ದೊಡ್ಡ ಚೌಕವಾಗಿ ಉಳಿದಿದೆ.

ಧಾನ್ಯ, ಹುಲ್ಲು, ಸೌದೆ, ದ್ರಾಕ್ಷಾರಸ ಎಲ್ಲವೂ ನದಿಯ ಮೇಲೆ ಬಂದು ಇಲ್ಲೇ ಇಳಿಯುತ್ತಿತ್ತು. ಹಾಗಾಗಿ ದೋಣಿ ವ್ಯಾಪಾರ ಮಾಡುವ ವರ್ತಕರ ಸಂಘವೇ ನಗರದಲ್ಲಿ ದೊಡ್ಡ ಶಕ್ತಿಯಾಯಿತು. ಹದಿಮೂರನೇ ಶತಮಾನದ ಹೊತ್ತಿಗೆ ವರ್ತಕರ ಮುಖ್ಯಸ್ಥನೇ ಊರಿನ ಮುಖ್ಯಸ್ಥನೂ ಆದ. ಅವನ ಜೊತೆಗೆ ನಾಲ್ಕು ಜನ ಸದಸ್ಯರು. ಪ್ಯಾರಿಸ್ ನಗರದ ಲಾಂಛನದಲ್ಲಿ ಇವತ್ತಿಗೂ ದೋಣಿ ಇರುವುದು ಇದೇ ಕಾರಣಕ್ಕೆ. ಲಾಂಛನದ ಕೆಳಗಿನ ಲ್ಯಾಟಿನ್ ಮಾತಿನ ಅರ್ಥ: ‘ಅಲೆಗೆ ಓಲಾಡುತ್ತದೆ, ಮುಳುಗುವುದಿಲ್ಲ.’

ದೋಣಿಯಿಂದ ಮೂಟೆ ಇಳಿಸಲು ಆಳು ಬೇಕಲ್ಲ? ಕೆಲಸ ಬೇಕಾದವರು ಬೆಳಗಾದರೆ ಈ ಬಯಲಿಗೆ ಬಂದು ನಿಲ್ಲುತ್ತಿದ್ದರು. ಮೇಸ್ತ್ರಿಗಳು ಬಂದು ಬೇಕಾದವರನ್ನು ಕರೆದುಕೊಂಡು ಹೋಗುತ್ತಿದ್ದರು. ‘ಗ್ರೆವ್‌ನಲ್ಲಿ ಇದ್ದಾನೆ’ ಅಂದರೆ ಕೆಲಸ ಇಲ್ಲದೆ ಕಾಯುತ್ತಿದ್ದಾನೆ ಅಂತ ಅರ್ಥ. ಮುಂದೆ ಕೂಲಿ ಸಾಲದು ಅಂತ ಕೆಲಸ ಬಿಟ್ಟು ನಿಲ್ಲುವುದಕ್ಕೂ ಅದೇ ಮಾತು ಬಂತು. ಇವತ್ತು ಫ್ರೆಂಚ್ ಭಾಷೆಯಲ್ಲಿ ಮುಷ್ಕರಕ್ಕೆ ಇರುವ ಪದವೇ ‘ಗ್ರೆವ್’. ಟೌನ್ ಹಾಲ್ ಮುಂದಿನ ಮರಳ ದಂಡೆ ಆ ದೇಶದ ಕೂಲಿಕಾರರಿಗೆ ಒಂದು ಪದವನ್ನೇ ಕೊಟ್ಟಿತು.

ಕಂಬಗಳ ಮನೆ

1357ರಲ್ಲಿ ವರ್ತಕರ ಮುಖ್ಯಸ್ಥನಾಗಿದ್ದವನು ಎತಿಯೆನ್ ಮಾರ್ಸೆಲ್. ಬಟ್ಟೆ ವ್ಯಾಪಾರಿ. ಆ ಕಾಲದಲ್ಲಿ ಫ್ರಾನ್ಸ್ ಮತ್ತು ಇಂಗ್ಲೆಂಡ್ ನಡುವೆ ಯುದ್ಧ ನಡೆಯುತ್ತಿತ್ತು. ಫ್ರಾನ್ಸ್‌ನ ರಾಜನೇ ಶತ್ರುವಿನ ಕೈಗೆ ಸೆರೆ ಸಿಕ್ಕಿದ್ದ. ಯುದ್ಧದ ತೆರಿಗೆ ಕೊಡುವವರು ನಾವು, ಹಣ ಎಲ್ಲಿಗೆ ಹೋಗುತ್ತದೆ ಅಂತ ಕೇಳುವ ಹಕ್ಕೂ ನಮಗೆ ಬೇಕು ಅಂತ ಮಾರ್ಸೆಲ್ ಎದ್ದು ನಿಂತ. ಗ್ರೆವ್ ಬಯಲಿನ ಪಕ್ಕದಲ್ಲಿದ್ದ ‘ಕಂಬಗಳ ಮನೆ’ ಎಂಬ ಮನೆಯನ್ನು ನಗರದ ಹೆಸರಿನಲ್ಲಿ ಕೊಂಡ. ಮುಂಭಾಗದಲ್ಲಿ ಸಾಲು ಕಂಬಗಳಿದ್ದ ಮನೆ ಅದು. ನಗರದ ಸಭೆಗಳು ಅಲ್ಲಿ ನಡೆಯತೊಡಗಿದವು.

ಮರುವರ್ಷ, 1358ರ ಜುಲೈ 31ರಂದು ಮಾರ್ಸೆಲ್ ಕೊಲೆಯಾದ. ಕೊಂದವರು ಪ್ಯಾರಿಸ್‌ನವರೇ. ಅವನು ನಗರವನ್ನು ಹೊರಗಿನವರಿಗೆ ಒಪ್ಪಿಸಲು ಹೊರಟಿದ್ದಾನೆ ಅನ್ನುವ ಆರೋಪ ಅವನ ಮೇಲಿತ್ತು. ಅವನು ಹೋದ, ಕೊಂಡ ಮನೆ ಮಾತ್ರ ಊರಿಗೆ ಉಳಿಯಿತು. ಅಂದಿನಿಂದ ಇಂದಿನವರೆಗೆ, ಸುಮಾರು 660 ವರ್ಷಕ್ಕೂ ಹೆಚ್ಚು ಕಾಲ, ಪ್ಯಾರಿಸ್ ನಗರಾಡಳಿತದ ಜಾಗ ಅದೇ. ಈಗ ಕಟ್ಟಡದ ಪಕ್ಕದ ತೋಟದಲ್ಲಿ ಕುದುರೆ ಏರಿದ ಮಾರ್ಸೆಲ್‌ನ ಪ್ರತಿಮೆ ಇದೆ.

ಏಳು ರಾಜರು, 95 ವರ್ಷ

ಕಂಬಗಳ ಮನೆ ಹಳತಾಯಿತು, ಚಿಕ್ಕದಾಯಿತು. ರಾಜ ಒಂದನೇ ಫ್ರಾನ್ಸ್ವಾ ತನ್ನ ರಾಜಧಾನಿಗೆ ತಕ್ಕ ಕಟ್ಟಡ ಬೇಕೆಂದ. 1533ರ ಜುಲೈನಲ್ಲಿ ಅಡಿಗಲ್ಲು ಇಟ್ಟರು. ನಕ್ಷೆ ಕೊಟ್ಟವನು ಇಟಲಿಯಿಂದ ಬಂದ ಶಿಲ್ಪಿ ದೊಮೆನಿಕೊ ದ ಕೊರ್ತೋನ. ಅವನನ್ನು ಜನ ‘ಬೊಕ್ಕಡೋರ್’ ಅಂತ ಕರೆಯುತ್ತಿದ್ದರು. ಚಿನ್ನದ ಬಾಯಿ ಅಂತ ಅರ್ಥ.

ಆಗ ಇಟಲಿಯಲ್ಲಿ ಹಳೆಯ ರೋಮನ್ ಕಟ್ಟಡಗಳನ್ನು ನೋಡಿ ಹೊಸ ರೀತಿಯಲ್ಲಿ ಕಟ್ಟುವ ಪದ್ಧತಿ ಬೆಳೆದಿತ್ತು. ಅಳತೆಗೆ ತಕ್ಕ ಕಂಬಗಳು, ಅರ್ಧವೃತ್ತದ ಕಮಾನುಗಳು, ಗೋಡೆಯಲ್ಲಿ ಪ್ರತಿಮೆ ಇಡಲು ಗೂಡುಗಳು. ಫ್ರಾನ್ಸ್‌ನವರಿಗೆ ತಮ್ಮದೇ ರೂಢಿ ಇತ್ತು. ಮಳೆ, ಹಿಮ ಜಾರಿ ಬೀಳುವಂಥ ಕಡಿದಾದ ಕಪ್ಪು ಕಲ್ಲುಹಲಗೆಯ ಚಾವಣಿ, ಚಾವಣಿಯಲ್ಲೇ ಎದ್ದು ನಿಂತ ಕಿಟಕಿಗಳು, ಎತ್ತರದ ಹೊಗೆಗೂಡುಗಳು. ಈ ಕಟ್ಟಡದಲ್ಲಿ ಎರಡೂ ಕೂಡಿದವು. ಗೋಡೆ ಇಟಲಿಯದು, ಚಾವಣಿ ಫ್ರಾನ್ಸ್‌ನದು.

ಕೆಲಸ ಮುಗಿದದ್ದು 1628ರಲ್ಲಿ. ನಡುವೆ ಕ್ರೈಸ್ತರಲ್ಲೇ ಎರಡು ಪಂಗಡಗಳ ನಡುವೆ ದಶಕಗಟ್ಟಲೆ ಕಾದಾಟ ನಡೆದು ಕೆಲಸ ನಿಂತುಹೋಗಿತ್ತು. ಫ್ರಾನ್ಸ್ವಾನಿಂದ ಹದಿಮೂರನೇ ಲೂಯಿಯವರೆಗೆ ಏಳು ರಾಜರು ಸಿಂಹಾಸನ ಏರಿದರು. ಅಡಿಗಲ್ಲು ಇಟ್ಟು ಕೆಲಸ ಮುಗಿಯದೆ ನಿಂತ ಕಟ್ಟಡಗಳನ್ನು ನೋಡಿದವರಿಗೆ ಇದರಲ್ಲಿ ಆಶ್ಚರ್ಯವೇನೂ ಇಲ್ಲ. ಆದರೂ 95 ವರ್ಷ ಅಂದರೆ ಅಜ್ಜ ಹೊತ್ತ ಕಲ್ಲಿನ ಮೇಲೆ ಮೊಮ್ಮಗನೂ ಕಲ್ಲು ಇಟ್ಟಿರಬೇಕು.

ಬಯಲಿನಲ್ಲಿ ಹಬ್ಬ, ಬಯಲಿನಲ್ಲೇ ಗಲ್ಲು

ಟೌನ್ ಹಾಲ್ ಮುಂದಿನ ಬಯಲು ನಗರದ ಅಂಗಳವಾಗಿತ್ತು. ವರ್ಷಕ್ಕೊಮ್ಮೆ ಬೇಸಿಗೆಯ ಹಬ್ಬಕ್ಕೆ ಇಲ್ಲಿ ದೊಡ್ಡ ಬೆಂಕಿ ಹಾಕುತ್ತಿದ್ದರು. ಇದೇ ಜಾಗದಲ್ಲಿ ಶತಮಾನಗಟ್ಟಲೆ ಜನರ ಎದುರಿಗೇ ಮರಣದಂಡನೆಯೂ ನಡೆಯಿತು. ನಾಲ್ಕನೇ ಹೆನ್ರಿ ರಾಜನನ್ನು ಇರಿದು ಕೊಂದ ರವಯ್ಯಾಕ್ ಎಂಬವನನ್ನು 1610ರಲ್ಲಿ ಇಲ್ಲೇ ಚಿತ್ರಹಿಂಸೆ ಕೊಟ್ಟು ಕೊಂದರು. ಗಿಲೊಟಿನ್ ಎಂಬ ತಲೆ ಕಡಿಯುವ ಯಂತ್ರವನ್ನು ಮನುಷ್ಯನ ಮೇಲೆ ಮೊದಲು ಬಳಸಿದ್ದೂ ಇಲ್ಲೇ, 1792ರ ಏಪ್ರಿಲ್ 25ರಂದು. ಸತ್ತವನು ರಾಜನಲ್ಲ, ದೊಡ್ಡ ಮನುಷ್ಯನೂ ಅಲ್ಲ. ದಾರಿಯಲ್ಲಿ ದರೋಡೆ ಮಾಡುತ್ತಿದ್ದ ಒಬ್ಬ ಕಳ್ಳ. 1830ರ ನಂತರ ಈ ಬಯಲಿನಲ್ಲಿ ತಲೆ ಕಡಿಯುವುದು ನಿಂತಿತು.

ರೊಟ್ಟಿ ಕೇಳಲು ಬಂದ ಹೆಂಗಸರು

1789ರ ಜುಲೈ 14. ಜನ ಬಾಸ್ಟೀಲ್ ಎಂಬ ಕೋಟೆಯನ್ನು ಮುರಿದು ಒಳನುಗ್ಗಿದ ದಿನ. ಫ್ರಾನ್ಸ್‌ನವರು ಇವತ್ತಿಗೂ ರಾಷ್ಟ್ರೀಯ ಹಬ್ಬ ಮಾಡುವ ದಿನ. ಅದೇ ಸಂಜೆ ಟೌನ್ ಹಾಲ್‌ನ ಮೆಟ್ಟಿಲ ಬಳಿ ವರ್ತಕರ ಮುಖ್ಯಸ್ಥ ಫ್ಲೆಸೆಲ್‌ನನ್ನು ಗುಂಪು ಗುಂಡಿಟ್ಟು ಕೊಂದಿತು. ಆಯುಧ ಕೊಡುತ್ತೇನೆಂದು ಹೇಳಿ ಮೋಸ ಮಾಡಿದ ಅನ್ನುವುದು ಜನರ ಸಿಟ್ಟು. ಮರುದಿನ ಬೈಯಿ ಎಂಬ ಖಗೋಳ ವಿಜ್ಞಾನಿಯನ್ನು ಪ್ಯಾರಿಸ್‌ನ ಮೊದಲ ಮೇಯರ್ ಎಂದು ಸಾರಿದರು. ಮೂರನೇ ದಿನ ರಾಜ ಹದಿನಾರನೇ ಲೂಯಿಯೇ ಟೌನ್ ಹಾಲ್‌ಗೆ ಬಂದು ಬಂಡಾಯಗಾರರ ಬಣ್ಣದ ಪಟ್ಟಿಯನ್ನು ಟೋಪಿಗೆ ಸಿಕ್ಕಿಸಿಕೊಂಡ. ಪ್ಯಾರಿಸ್ ನಗರದ ಬಣ್ಣ ನೀಲಿ, ಕೆಂಪು. ರಾಜಮನೆತನದ ಬಣ್ಣ ಬಿಳಿ. ಫ್ರಾನ್ಸ್‌ನ ತ್ರಿವರ್ಣ ಬಾವುಟ ಈ ಬಣ್ಣಗಳಿಂದಲೇ ಬಂದದ್ದು.

ನಮಗೆ ಇದಕ್ಕಿಂತ ದೊಡ್ಡದಾಗಿ ಕಂಡದ್ದು ಅದೇ ವರ್ಷದ ಅಕ್ಟೋಬರ್ 5. ರೊಟ್ಟಿ ಸಿಗುತ್ತಿಲ್ಲ, ಸಿಕ್ಕರೂ ಬೆಲೆ ಕೈಗೆಟುಕುತ್ತಿಲ್ಲ. ಸಂತೆಯಲ್ಲಿ ವ್ಯಾಪಾರ ಮಾಡುವ ಹೆಂಗಸರು ಬೆಳಿಗ್ಗೆಯೇ ಟೌನ್ ಹಾಲ್‌ಗೆ ನುಗ್ಗಿದರು. ಅಲ್ಲಿದ್ದ ಆಯುಧಗಳನ್ನು ಎತ್ತಿಕೊಂಡರು. ಇಲ್ಲಿನವರ ಕೈಯಲ್ಲಿ ಏನೂ ಇಲ್ಲ, ರಾಜನನ್ನೇ ಕೇಳೋಣ ಅಂತ ಮಳೆಯಲ್ಲೇ ನಡೆದು ಸುಮಾರು 20 ಕಿಲೋಮೀಟರ್ ದೂರದ ವರ್ಸೈಲ್ಸ್ ಅರಮನೆಗೆ ಹೋದರು. ಮರುದಿನ ರಾಜ, ರಾಣಿ, ಮಕ್ಕಳನ್ನು ಜೊತೆಗೆ ಕರೆದುಕೊಂಡೇ ಪ್ಯಾರಿಸ್‌ಗೆ ವಾಪಸ್ ಬಂದರು. ರಾಜ ಮತ್ತೆ ಆ ಅರಮನೆಗೆ ವಾಸಕ್ಕೆ ಹೋಗಲೇ ಇಲ್ಲ.

2024ರ ಪ್ಯಾರಿಸ್ ಒಲಿಂಪಿಕ್ಸ್ ಮ್ಯಾರಥಾನನ್ನು ನಿಮ್ಮಲ್ಲಿ ಕೆಲವರು ಮೊಬೈಲಿನಲ್ಲಿ ನೋಡಿರಬಹುದು. ಓಟ ಶುರುವಾದದ್ದು ಈ ಟೌನ್ ಹಾಲ್ ಎದುರಿನಿಂದ. ವರ್ಸೈಲ್ಸ್‌ವರೆಗೂ ಓಡಿ ಹಿಂತಿರುಗುವ ಆ ದಾರಿಯನ್ನು ಗೊತ್ತು ಮಾಡಿದ್ದು ರೊಟ್ಟಿ ಕೇಳಲು ನಡೆದ ಆ ಹೆಂಗಸರ ನೆನಪಿಗೆ.

ಮೇಯರ್ ಬೇಡ ಅಂದವರು

ಕ್ರಾಂತಿಯ ಕಾಲದಲ್ಲಿ ಈ ಕಟ್ಟಡ ಹಿಡಿದವರ ಕೈಗೆ ಪ್ಯಾರಿಸ್ ಸಿಗುತ್ತಿತ್ತು, ಪ್ಯಾರಿಸ್ ಸಿಕ್ಕವರಿಗೆ ದೇಶ ಸಿಗುತ್ತಿತ್ತು. 1794ರ ಜುಲೈ 27ರ ರಾತ್ರಿ ಕ್ರಾಂತಿಯ ನಾಯಕ ರೋಬ್ಸ್‌ಪಿಯರ್ ತನ್ನವರ ಜೊತೆ ಇಲ್ಲೇ ಆಶ್ರಯ ಪಡೆದಿದ್ದ. ಹಿಡಿಯಲು ಬಂದಾಗ ಅವನ ದವಡೆಗೆ ಗುಂಡು ತಗುಲಿತ್ತು. ಮರುದಿನ ಅವನ ತಲೆ ಹೋಯಿತು.

ಅಧಿಕಾರಕ್ಕೆ ಬಂದವರು ಒಂದು ಪಾಠ ಕಲಿತರು. ಇಷ್ಟು ದೊಡ್ಡ ಊರಿಗೆ ಒಬ್ಬ ಮೇಯರ್ ಇದ್ದರೆ ಅವನು ನಮಗೇ ಎದುರಾಗುತ್ತಾನೆ ಅಂತ. ಮೇಯರ್ ಹುದ್ದೆಯನ್ನೇ ತೆಗೆದುಹಾಕಿದರು. 1800ರಿಂದ ನಗರವನ್ನು ನಡೆಸಿದ್ದು ಕೇಂದ್ರ ಸರ್ಕಾರ ನೇಮಿಸಿದ ಅಧಿಕಾರಿಗಳು. ಅವರಿಗೆ ‘ಪ್ರಿಫೆಕ್ಟ್’ ಅಂತ ಹೆಸರು. 1848ರಲ್ಲಿ ಕೆಲವು ತಿಂಗಳು, 1870-71ರಲ್ಲಿ ಕೆಲವು ತಿಂಗಳು ಮಾತ್ರ ಮೇಯರ್ ಇದ್ದರು. ಅದನ್ನು ಬಿಟ್ಟರೆ 1977ರವರೆಗೆ ಪ್ಯಾರಿಸ್‌ಗೆ ಮೇಯರ್ ಇರಲಿಲ್ಲ. ಫ್ರಾನ್ಸ್‌ನ ಐನೂರು ಜನರ ಹಳ್ಳಿಗೂ ತನ್ನ ಮೇಯರ್ ಇದ್ದಾಗ ದೇಶದ ರಾಜಧಾನಿಗೆ ಮಾತ್ರ ಇರಲಿಲ್ಲ.

ಅಧಿಕಾರಿಗಳು ಕೆಲಸ ಮಾಡಲಿಲ್ಲ ಅಂತಲ್ಲ. ರಾಂಬ್ಯುತೋ ಎಂಬ ಪ್ರಿಫೆಕ್ಟ್ ಕಾಲದಲ್ಲಿ, 1830 ಮತ್ತು 1840ರ ದಶಕಗಳಲ್ಲಿ, ಹಳೆಯ ಕಟ್ಟಡದ ಎರಡೂ ಬದಿಗೆ ಹೊಸ ಭಾಗಗಳನ್ನು ಸೇರಿಸಿ ಅದನ್ನು ಎಷ್ಟೋ ಪಟ್ಟು ದೊಡ್ಡದು ಮಾಡಿದರು. 1853ರಿಂದ 1870ರವರೆಗೆ ಇದ್ದ ಒಸ್ಮಾನ್ ಇಲ್ಲಿ ಕೂತುಕೊಂಡೇ ಪ್ಯಾರಿಸ್ಸಿನ ಇಕ್ಕಟ್ಟು ಗಲ್ಲಿಗಳನ್ನು ಒಡೆಸಿ ಅಗಲ ರಸ್ತೆ, ಒಳಚರಂಡಿ, ಕುಡಿಯುವ ನೀರು ತಂದ. ಇವತ್ತು ಸಿನಿಮಾದಲ್ಲಿ ಕಾಣುವ ಪ್ಯಾರಿಸ್ ಬಹುಪಾಲು ಅವನ ಕಾಲದ್ದು. ಆದರೆ ಮನೆ ಕಳೆದುಕೊಂಡ ಬಡವರು ಊರಿನ ಅಂಚಿಗೆ ಹೋದರು, ಮತ ಹಾಕಿ ಅವನನ್ನು ಕೆಳಗಿಳಿಸುವ ದಾರಿ ಅವರಿಗೆ ಇರಲಿಲ್ಲ.

1871ರ ಮೇ 24

1870ರಲ್ಲಿ ಫ್ರಾನ್ಸ್ ಜರ್ಮನರ ಜೊತೆಗಿನ ಯುದ್ಧದಲ್ಲಿ ಸೋತಿತು. ಚಕ್ರವರ್ತಿ ಸೆರೆಯಾದ. ಸೆಪ್ಟೆಂಬರ್ 4ರಂದು ಇದೇ ಟೌನ್ ಹಾಲ್‌ನಲ್ಲಿ ಗಣರಾಜ್ಯ ಘೋಷಣೆಯಾಯಿತು. ಆಮೇಲೆ ನಾಲ್ಕು ತಿಂಗಳು ಜರ್ಮನ್ ಸೈನ್ಯದ ಮುತ್ತಿಗೆ. ಜನ ಕುದುರೆ, ಬೆಕ್ಕು, ಇಲಿ ತಿಂದು ಬದುಕಿದರು. ಆಗ ಮೇಯರ್ ಆಗಿದ್ದ ಜೂಲ್ ಫೆರಿಗೆ ಜನ ‘ಬರಗಾಲದ ಫೆರಿ’ ಅಂತ ಅಡ್ಡಹೆಸರು ಇಟ್ಟರು. ಈ ಫೆರಿಯ ಹೆಸರು ನೆನಪಿಡಿ, ಮುಂದೆ ಮತ್ತೆ ಬರುತ್ತಾನೆ.

ಯುದ್ಧ ನಿಂತ ಮೇಲೆ ಹೊಸ ಸರ್ಕಾರಕ್ಕೂ ಪ್ಯಾರಿಸ್ ಜನರಿಗೂ ಹೊಂದಲಿಲ್ಲ. 1871ರ ಮಾರ್ಚ್‌ನಲ್ಲಿ ಪ್ಯಾರಿಸ್ ತನ್ನದೇ ಚುನಾವಣೆ ನಡೆಸಿತು. ಮಾರ್ಚ್ 28ರಂದು ಟೌನ್ ಹಾಲ್ ಮುಂದೆ ‘ಕಮ್ಯೂನ್’ ಘೋಷಣೆಯಾಯಿತು. ಕಮ್ಯೂನ್ ಅಂದರೆ ಊರಿನ ಸ್ವಂತ ಆಡಳಿತ. ಅದರ ಸದಸ್ಯರಲ್ಲಿ ಅನೇಕರು ಕೈಕೆಲಸದವರು, ಕಾರ್ಮಿಕರು. ಎರಡು ತಿಂಗಳು ಅವರು ನಗರ ಆಳಿದರು. ಮೇ 21ರಂದು ಸರ್ಕಾರದ ಸೈನ್ಯ ನಗರದೊಳಗೆ ನುಗ್ಗಿತು. ಒಂದು ವಾರ ಬೀದಿ ಬೀದಿಯಲ್ಲಿ ಕಾದಾಟ. ಸಾವಿರಾರು ಜನ ಸತ್ತರು, ಹೆಚ್ಚಿನವರು ಸೈನ್ಯದ ಗುಂಡಿಗೆ. ಚರಿತ್ರೆಯಲ್ಲಿ ಅದಕ್ಕೆ ‘ರಕ್ತದ ವಾರ’ ಅಂತಲೇ ಹೆಸರು.

ಮೇ 24ರಂದು ಹಿಂದೆ ಸರಿಯುತ್ತಿದ್ದ ಕಮ್ಯೂನ್ ಹೋರಾಟಗಾರರು ಟೌನ್ ಹಾಲ್‌ಗೆ ಬೆಂಕಿ ಇಟ್ಟರು. 1533ರಲ್ಲಿ ಶುರುವಾದ ಕಟ್ಟಡ ಸುಟ್ಟು ಗೋಡೆ ಮಾತ್ರ ಉಳಿಯಿತು. ಒಳಗೆ ಆಂಗ್ರ್, ದೆಲಕ್ರುವಾ ಎಂಬ ಹೆಸರಾಂತ ಚಿತ್ರಕಾರರು ಬರೆದ ಚಾವಣಿ ಚಿತ್ರಗಳಿದ್ದವು. ನಗರದ ಗ್ರಂಥಾಲಯ ಇತ್ತು. ಎಲ್ಲ ಹೋಯಿತು.

ಅದಕ್ಕಿಂತ ದೊಡ್ಡ ನಷ್ಟ ಕಾಗದದ್ದು. ಫ್ರಾನ್ಸ್‌ನಲ್ಲಿ ಹುಟ್ಟು, ಮದುವೆ, ಸಾವನ್ನು ಮೊದಲು ಚರ್ಚಿನ ಪಾದ್ರಿಗಳು ಬರೆದಿಡುತ್ತಿದ್ದರು. 1792ರ ಸೆಪ್ಟೆಂಬರ್‌ನಲ್ಲಿ ಕಾನೂನು ಮಾಡಿ ಆ ಕೆಲಸವನ್ನು ಮೇರಿಗೆ ಕೊಟ್ಟರು. ದಾಖಲೆ ಕಳೆದುಹೋಗಬಾರದು ಅಂತ ಎರಡು ಪ್ರತಿ ಬರೆಯುವ ಪದ್ಧತಿ ಅದಕ್ಕೂ ಹಿಂದಿನಿಂದಲೇ ಇತ್ತು. ಪ್ಯಾರಿಸ್‌ನಲ್ಲಿ ಒಂದು ಪ್ರತಿ ಟೌನ್ ಹಾಲ್‌ಗೆ ಸೇರಿದ ಕಟ್ಟಡದಲ್ಲಿ, ಇನ್ನೊಂದು ನ್ಯಾಯಾಲಯದ ಕಟ್ಟಡದಲ್ಲಿ. ಬಹಳ ಒಳ್ಳೆಯ ವ್ಯವಸ್ಥೆ. ಆದರೆ ಎರಡು ಕಟ್ಟಡಗಳ ನಡುವೆ ಒಂದು ಕಿಲೋಮೀಟರ್ ದೂರವೂ ಇಲ್ಲ. ಅದೇ ಮೇ 24ರಂದು ನ್ಯಾಯಾಲಯಕ್ಕೂ ಬೆಂಕಿ ಬಿತ್ತು. ಎರಡೂ ಪ್ರತಿ ಒಂದೇ ದಿನ ಬೂದಿಯಾದವು. ಹದಿನಾರನೇ ಶತಮಾನದಿಂದ 1859ರವರೆಗಿನ ಸುಮಾರು 80 ಲಕ್ಷ ದಾಖಲೆಗಳು.

ಯೋಚಿಸಿ ನೋಡಿ. ಆಸ್ತಿ ಪಾಲು ಕೇಳಬೇಕು, ಅಪ್ಪನ ಮಗ ನಾನೇ ಅಂತ ತೋರಿಸಬೇಕು. ಮದುವೆ ಆಗಬೇಕು, ವಯಸ್ಸು ತೋರಿಸಬೇಕು. ವಿಧವೆಗೆ ಪಿಂಚಣಿ ಬೇಕು, ಮದುವೆ ಆಗಿತ್ತು ಅಂತ ತೋರಿಸಬೇಕು. ಬದುಕಿರುವ ಲಕ್ಷಾಂತರ ಜನರ ಕೈಯಲ್ಲಿ ಸಾಕ್ಷಿ ಇಲ್ಲ.

1872ರ ಫೆಬ್ರವರಿಯಲ್ಲಿ ಕಾನೂನು ಮಾಡಿ, ದಾಖಲೆಗಳನ್ನು ಮತ್ತೆ ಕಟ್ಟಲು ಒಂದು ಆಯೋಗ ನೇಮಿಸಿದರು. ಅದು ಏನು ಮಾಡಿತು ಗೊತ್ತೇ? ಜನರ ಮನೆಯಲ್ಲಿದ್ದ ಕಾಗದ ಕೇಳಿತು. ಯಾವಾಗಲೋ ತೆಗೆಸಿಟ್ಟ ನಕಲು ಪ್ರತಿ, ಮದುವೆ ಕರಾರು, ಆಸ್ತಿ ಪತ್ರ ಮಾಡಿಕೊಡುವ ನೋಟರಿಗಳ ಬಳಿ ಉಳಿದ ಪ್ರತಿಗಳು, ಚರ್ಚಿನ ಪುಸ್ತಕಗಳು. ಒಂದೊಂದಾಗಿ ಹೊಂದಿಸಿ ಬರೆದರು. 1897ರವರೆಗೆ, 25 ವರ್ಷ ಈ ಕೆಲಸ ನಡೆಯಿತು. ಕೊನೆಗೆ ಮರಳಿ ಸಿಕ್ಕಿದ್ದು ಸುಮಾರು 27 ಲಕ್ಷ ದಾಖಲೆ. ಮೂರರಲ್ಲಿ ಒಂದು ಪಾಲು. ಉಳಿದ ಎರಡು ಪಾಲು ಹೋದದ್ದು ಹೋಯಿತು. ತಾತ, ಮುತ್ತಾತನ ಹೆಸರು ಹುಡುಕುವ ಪ್ಯಾರಿಸ್‌ನವರು ಇವತ್ತಿಗೂ 1860ಕ್ಕೆ ಬಂದು ಗೋಡೆಗೆ ಡಿಕ್ಕಿ ಹೊಡೆದವರ ಹಾಗೆ ನಿಲ್ಲುತ್ತಾರೆ.

1860ರ ನಂತರದ್ದು ಹೇಗೆ ಉಳಿಯಿತು? ಆ ವರ್ಷ ಪ್ಯಾರಿಸ್ಸನ್ನು 20 ವಿಭಾಗ ಮಾಡಿ, ಒಂದೊಂದಕ್ಕೂ ಒಂದೊಂದು ಮೇರಿ ಕೊಟ್ಟಿದ್ದರು. ಹೊಸ ದಾಖಲೆಗಳು ಆ ಇಪ್ಪತ್ತು ಕಚೇರಿಗಳಲ್ಲಿ ಹಂಚಿಹೋಗಿದ್ದವು. ದೊಡ್ಡ ಮನೆ ಸುಟ್ಟಾಗ ಸಣ್ಣ ಮನೆಗಳಲ್ಲಿದ್ದದ್ದು ಬಹುಪಾಲು ಬದುಕಿತು.

ಹಳೆಯ ಮುಖ, ಹೊಸ ಮೈ

ಸುಟ್ಟ ಗೋಡೆಗಳನ್ನು ಏನು ಮಾಡುವುದು? 1873ರಲ್ಲಿ ನಕ್ಷೆಯ ಸ್ಪರ್ಧೆ ನಡೆಯಿತು. ಗೆದ್ದವರು ಬಾಲ್ಯು ಮತ್ತು ದೆಪೆರ್ತ್ ಎಂಬ ಇಬ್ಬರು. ಅವರ ಯೋಚನೆ ಸರಳ. ಎದುರಿನ ನಡುಭಾಗ ಬೊಕ್ಕಡೋರ್ ಕಟ್ಟಿದ್ದ ಹಾಗೆಯೇ ಕಾಣಬೇಕು. ಅಕ್ಕಪಕ್ಕ ಮತ್ತು ಒಳಭಾಗ ಹೊಸ ಕಾಲಕ್ಕೆ ತಕ್ಕಂತೆ ದೊಡ್ಡದಾಗಬೇಕು. 1874ರಿಂದ 1882ರವರೆಗೆ ಕೆಲಸ ನಡೆದು, 1882ರ ಜುಲೈ 13ರಂದು, ರಾಷ್ಟ್ರೀಯ ಹಬ್ಬದ ಹಿಂದಿನ ದಿನ, ಕಟ್ಟಡ ತೆರೆಯಿತು. ಹಾಗಾಗಿ ಇವತ್ತು ನಾವು ಫೋಟೋದಲ್ಲಿ ನೋಡುವುದು ಹದಿನಾರನೇ ಶತಮಾನದ ಮುಖ ಹೊತ್ತ ಹತ್ತೊಂಬತ್ತನೇ ಶತಮಾನದ ಕಟ್ಟಡ.

ನಿಮ್ಮ ಮೊಬೈಲಿನಲ್ಲಿ ಫೋಟೋ ತೆರೆದು ಎರಡು ಬೆರಳಿನಲ್ಲಿ ಹಿಗ್ಗಿಸಿ ನೋಡಿ. ನಡುವೆ ಗಡಿಯಾರ. ಅದರ ಮೇಲೆ ಗಂಟೆಗೋಪುರ. ಮುಖ್ಯ ಬಾಗಿಲ ಎರಡೂ ಬದಿಗೆ ಕೂತ ಎರಡು ಕಂಚಿನ ಹೆಣ್ಣುಮೂರ್ತಿಗಳು, ಒಬ್ಬಳು ಕಲೆ, ಒಬ್ಬಳು ವಿಜ್ಞಾನ. ಚಾವಣಿಯ ಮೇಲೆ ಕವಚ ತೊಟ್ಟ ಭಟರ ಲೋಹದ ಮೂರ್ತಿಗಳು. ಗೋಡೆಯ ಗೂಡುಗಳಲ್ಲಿ ಸಾಲು ಸಾಲು ಮನುಷ್ಯರು. ರಾಜರ ಸಾಲು ಅಂದುಕೊಂಡರೆ ತಪ್ಪು. ಅವರು ಪ್ಯಾರಿಸ್‌ನಲ್ಲಿ ಹುಟ್ಟಿ ಹೆಸರು ಮಾಡಿದವರು, 108 ಜನ. ನಾಟಕ ಬರೆದ ಮೊಲಿಯೇರ್, ಲೇಖಕ ವೋಲ್ಟೇರ್, ಚಿತ್ರಕಾರರು, ವಿಜ್ಞಾನಿಗಳು. ಇವರಲ್ಲದೆ ಫ್ರಾನ್ಸ್‌ನ ಊರುಗಳನ್ನು ಹೆಣ್ಣಿನ ರೂಪದಲ್ಲಿ ತೋರುವ 30 ಮೂರ್ತಿಗಳಿವೆ. ಇನ್ನೂರಕ್ಕೂ ಹೆಚ್ಚು ಶಿಲ್ಪಿಗಳಿಗೆ ಕೆಲಸ ಸಿಕ್ಕಿತ್ತು.

ಅದರಲ್ಲಿ ಒಂದು ಮೂರ್ತಿ ದಲಾಂಬೇರ್‌ನದು. ಕೆತ್ತಿದವನು ಆಗಿನ್ನೂ ಹೆಸರಾಗದಿದ್ದ ರೋಡಿನ್, ಮುಂದೆ ಜಗತ್ಪ್ರಸಿದ್ಧನಾದ ಶಿಲ್ಪಿ. ದಲಾಂಬೇರ್ ದೊಡ್ಡ ಗಣಿತಜ್ಞ. 1717ರಲ್ಲಿ ಹುಟ್ಟಿದ ಕೂಡಲೇ ಅವನನ್ನು ಪ್ಯಾರಿಸ್‌ನ ಒಂದು ಚರ್ಚಿನ ಮೆಟ್ಟಿಲ ಮೇಲೆ ಬಿಟ್ಟು ಹೋಗಿದ್ದರು. ಸಾಕಿದ್ದು ಕಿಟಕಿಗೆ ಗಾಜು ಕೂರಿಸುವವನ ಹೆಂಡತಿ. ಮೆಟ್ಟಿಲ ಮೇಲೆ ಸಿಕ್ಕ ಕೂಸು ಇವತ್ತು ಊರಿನ ದೊಡ್ಡ ಮನೆಯ ಗೋಡೆಯ ಮೇಲೆ ನಿಂತಿದೆ.

ಒಳಗೆ ಸುಮಾರು 50 ಮೀಟರ್ ಉದ್ದದ ಹಬ್ಬದ ಸಭಾಂಗಣ ಇದೆ. ಚಿನ್ನದ ಲೇಪ, ಗಾಜಿನ ತೂಗುದೀಪ, ಚಾವಣಿ ತುಂಬ ಚಿತ್ರ. ವರ್ಸೈಲ್ಸ್ ಅರಮನೆಯ ಕನ್ನಡಿ ಹಜಾರವನ್ನು ನೆನಪಿಸುವಂತೆ ಮಾಡಿದ್ದಾರೆ. ರಾಜನ ಮನೆಯಲ್ಲಿ ಇದ್ದ ವೈಭವ ಪ್ರಜೆಗಳ ಮನೆಯಲ್ಲೂ ಇರಲಿ ಅನ್ನುವ ಹಠ ಅದರಲ್ಲಿ ಕಾಣುತ್ತದೆ.

ಹಳ್ಳಿಗೊಂದು ಮೇರಿ

ಪ್ಯಾರಿಸ್ ಕಟ್ಟಡ ತೆರೆದ ಎರಡೇ ವರ್ಷಕ್ಕೆ, 1884ರ ಏಪ್ರಿಲ್ 5ರ ಕಾನೂನು ಬಂತು. ಪ್ಯಾರಿಸ್ ಒಂದನ್ನು ಬಿಟ್ಟು, ಫ್ರಾನ್ಸ್‌ನ ಪ್ರತಿ ಊರಿನ ಚುನಾಯಿತ ಮಂಡಳಿ ತನ್ನ ಮೇಯರನ್ನು ತಾನೇ ಆರಿಸಿಕೊಳ್ಳಬೇಕು. ಮೇರಿಗೆ ಒಂದು ಕಟ್ಟಡದ ವೆಚ್ಚವನ್ನು ಪ್ರತಿ ಊರೂ ಹೊರಬೇಕು. ಆಗ ಸರ್ಕಾರ ನಡೆಸುತ್ತಿದ್ದವನು ಅದೇ ಜೂಲ್ ಫೆರಿ, ಬರಗಾಲದ ಫೆರಿ. 1881-82ರಲ್ಲಿ ಪ್ರಾಥಮಿಕ ಶಿಕ್ಷಣವನ್ನು ಉಚಿತ, ಕಡ್ಡಾಯ ಮಾಡಿದವನೂ ಅವನೇ.

ಎರಡೂ ಕಾನೂನು ಸೇರಿ ಹಳ್ಳಿಗಳಲ್ಲಿ ಒಂದು ಹೊಸ ಬಗೆಯ ಕಟ್ಟಡ ಎದ್ದಿತು. ನಡುವೆ ಮೇರಿ, ಒಂದು ಪಕ್ಕ ಗಂಡುಮಕ್ಕಳ ಶಾಲೆ, ಇನ್ನೊಂದು ಪಕ್ಕ ಹೆಣ್ಣುಮಕ್ಕಳ ಶಾಲೆ. ಬಹಳ ಕಡೆ ಮೇಷ್ಟ್ರೇ ಮೇರಿಯ ಕಾರ್ಯದರ್ಶಿ. ಬೆಳಿಗ್ಗೆ ಪಾಠ, ಸಂಜೆ ರಿಜಿಸ್ಟರು. ಫ್ರಾನ್ಸ್‌ನ ಹಳ್ಳಿಗಳಲ್ಲಿ ಇಂಥ ಕಟ್ಟಡಗಳು ಈಗಲೂ ಸಾವಿರಾರು ಇವೆ.

ಇವತ್ತು ಆ ದೇಶದಲ್ಲಿ ಸುಮಾರು 35 ಸಾವಿರ ಕಮ್ಯೂನ್‌ಗಳಿವೆ. ಅರ್ಧಕ್ಕಿಂತ ಹೆಚ್ಚಿನವುಗಳಲ್ಲಿ ಐನೂರಕ್ಕಿಂತ ಕಡಿಮೆ ಜನ. ಆದರೂ ಮೇಯರ್ ಇದ್ದಾರೆ, ಮೇರಿ ಇದೆ, ಬಾಗಿಲ ಮೇಲೆ ಸ್ವಾತಂತ್ರ್ಯ, ಸಮಾನತೆ, ಸೋದರತೆ ಎಂಬ ಮೂರು ಪದಗಳಿವೆ. ಕಾನೂನಿನ ಲೆಕ್ಕಕ್ಕೆ ಮದುವೆ ಆಗುವುದು ಮೇರಿಯಲ್ಲೇ. ಚರ್ಚಿನ ಶಾಸ್ತ್ರ ಏನಿದ್ದರೂ ಅದಾದ ಮೇಲೆ. ಮದುವೆ ನಡೆಯುವಾಗ ಬಾಗಿಲು ತೆರೆದೇ ಇರಬೇಕು ಅನ್ನುವುದು ಅಲ್ಲಿನ ನಿಯಮ. ಯಾರಿಗಾದರೂ ಆಕ್ಷೇಪ ಇದ್ದರೆ ಬಂದು ಹೇಳಲಿ ಅಂತ.

ನಮ್ಮ ಕಡೆಯವರು ಇಂಥ ಒಂದು ಮೇರಿಯನ್ನು ನೋಡಬೇಕಾದರೆ ಪಾಂಡಿಚೇರಿಗೆ ಹೋದರೆ ಸಾಕು. ಕಡಲ ದಂಡೆಯ ರಸ್ತೆಯಲ್ಲಿ ಫ್ರೆಂಚರ ಕಾಲದ ಮೇರಿ ಕಟ್ಟಡವಿತ್ತು. ದುರಸ್ತಿ ಕಾಣದೆ ಶಿಥಿಲವಾಗಿದ್ದ ಅದು 2014ರ ನವೆಂಬರ್‌ನಲ್ಲಿ ಮಳೆಗೆ ಕುಸಿದು ಬಿತ್ತು. ಅದೇ ಜಾಗದಲ್ಲಿ ಅದೇ ರೂಪದಲ್ಲಿ ಮತ್ತೆ ಕಟ್ಟಿ 2021ರಲ್ಲಿ ಉದ್ಘಾಟಿಸಿದರು.

ಬಾಗಿಲು ಮತ್ತೆ ತೆರೆಯಿತು

ಎರಡನೇ ಮಹಾಯುದ್ಧದಲ್ಲಿ ಪ್ಯಾರಿಸ್ ನಾಲ್ಕು ವರ್ಷ ಜರ್ಮನರ ಕೈಯಲ್ಲಿತ್ತು. 1944ರ ಆಗಸ್ಟ್‌ನಲ್ಲಿ ಜನ ದಂಗೆ ಎದ್ದಾಗ ಮೊದಲು ಹಿಡಿದ ಕಟ್ಟಡಗಳಲ್ಲಿ ಟೌನ್ ಹಾಲೂ ಒಂದು. ಆಗಸ್ಟ್ 24ರ ರಾತ್ರಿ ಬಿಡುಗಡೆಯ ಸೈನ್ಯದ ಮೊದಲ ತುಕಡಿ ಬಂದು ನಿಂತದ್ದು ಇದರ ಎದುರಿಗೆ. ತಮಾಷೆಯೆಂದರೆ ಆ ತುಕಡಿಯಲ್ಲಿ ಹೆಚ್ಚಿನವರು ಫ್ರೆಂಚರಲ್ಲ. ತಮ್ಮ ದೇಶದಲ್ಲಿ ಸರ್ವಾಧಿಕಾರಿಗೆ ಸೋತು ಓಡಿ ಬಂದಿದ್ದ ಸ್ಪೇನ್ ದೇಶದವರು. ಮರುದಿನ ಡೆ ಗಾಲ್ ಇಲ್ಲಿಂದಲೇ ಜನರನ್ನು ಉದ್ದೇಶಿಸಿ ಮಾತನಾಡಿದರು.

ಮೇಯರ್ ಮಾತ್ರ ಆಗಲೂ ಬರಲಿಲ್ಲ. 1975ರ ಡಿಸೆಂಬರ್ 31ರ ಕಾನೂನು ಆ ಹುದ್ದೆಯನ್ನು ಮರಳಿ ಕೊಟ್ಟಿತು. 1977ರ ಮಾರ್ಚ್‌ನಲ್ಲಿ ಜಾಕ್ ಶಿರಾಕ್ ಆಯ್ಕೆಯಾದರು. ಇಷ್ಟು ವರ್ಷ ಸರ್ಕಾರಗಳು ಹೆದರಿದ್ದು ಪೂರ್ತಿ ಸುಳ್ಳಾಗಲಿಲ್ಲ. ಮೇಯರ್ ಕುರ್ಚಿಯಿಂದಲೇ ಬಲ ಬೆಳೆಸಿಕೊಂಡ ಶಿರಾಕ್ 1995ರಲ್ಲಿ ದೇಶದ ಅಧ್ಯಕ್ಷರಾದರು. ಮೊದಲ ಮಹಿಳಾ ಮೇಯರ್ ಆಗಿ ಆನ್ ಹಿಡಾಲ್ಗೊ ಬಂದದ್ದು 2014ರಲ್ಲಿ. ರೊಟ್ಟಿ ಕೇಳಿ ಹೆಂಗಸರು ಬಾಗಿಲು ಮುರಿದು 225 ವರ್ಷವಾಗಿತ್ತು.

2002ರ ಅಕ್ಟೋಬರ್‌ನ ಒಂದು ರಾತ್ರಿ ನಗರದ ಹಬ್ಬಕ್ಕಾಗಿ ಟೌನ್ ಹಾಲ್ ಬಾಗಿಲನ್ನು ಎಲ್ಲರಿಗೂ ತೆರೆದಿದ್ದರು. ಜನರ ನಡುವೆ ನಿಂತಿದ್ದ ಆಗಿನ ಮೇಯರ್ ಬೆರ್ತ್ರಾನ್ ದೆಲನೊಯೆ ಅವರಿಗೆ ಒಬ್ಬ ಚಾಕುವಿನಿಂದ ಇರಿದ. ಆಸ್ಪತ್ರೆಗೆ ಹೋಗುವ ಮುಂಚೆ ಅವರು ಹೇಳಿ ಹೋದದ್ದು, ಹಬ್ಬ ನಿಲ್ಲಿಸಬೇಡಿ ಅಂತ. ಬೆಳಗಿನವರೆಗೂ ಹಬ್ಬ ನಡೆಯಿತು. ಅವರು ಬದುಕಿದರು.

ಕಥೆ ಇಷ್ಟು. ಕೊಂಡ ಮನೆ, ಕಟ್ಟಿದ ಮನೆ, ಸುಟ್ಟ ಮನೆ, ಮತ್ತೆ ಕಟ್ಟಿದ ಮನೆ. ಕಲ್ಲಿನ ಕಟ್ಟಡವನ್ನು ಎಂಟು ವರ್ಷದಲ್ಲಿ ಮತ್ತೆ ಕಟ್ಟಿದರು, ಮುಖವೂ ಹಾಗೇ ಬಂತು. ಕಾಗದದ ಮೇಲಿನ ಹೆಸರುಗಳನ್ನು 25 ವರ್ಷ ದುಡಿದರೂ ಮೂರರಲ್ಲಿ ಒಂದು ಪಾಲಿಗಿಂತ ಹೆಚ್ಚು ಕಟ್ಟಲಾಗಲಿಲ್ಲ. ಆ ಒಂದು ಪಾಲು ಬಂದದ್ದರಲ್ಲಿ ಜನರ ಮನೆಯ ಪೆಟ್ಟಿಗೆಗಳ ಪಾಲು ದೊಡ್ಡದು.

ನಾವು ಜೊತೆಗೆ ಹೋಗಿದ್ದ ಆ ಹಿರಿಯರಿಗೆ ಕೊನೆಗೆ ನೆರವಾದದ್ದೂ ಮನೆಯ ಅಟ್ಟದ ಮೇಲೆ, ಹಳೆಯ ಟ್ರಂಕಿನಲ್ಲಿ ಮಡಿಸಿಟ್ಟಿದ್ದ ಶಾಲೆಯ ಒಂದು ಚೀಟಿ. ನಿಮ್ಮ ಮನೆಯಲ್ಲೂ ಅಂಥ ಟ್ರಂಕು ಇರಬಹುದು. ಈ ಭಾನುವಾರ ಇಳಿಸಿ, ಬಿಸಿಲಿಗೆ ಹರಡಿ, ಒಂದೊಂದನ್ನೂ ಫೋಟೋ ತೆಗೆದು ಬೇರೆ ಊರಿನಲ್ಲಿರುವ ಮಗನಿಗೋ ಮಗಳಿಗೋ ಕಳುಹಿಸಿಡಿ. ಎರಡನೇ ಪ್ರತಿ ಪಕ್ಕದ ಬೀದಿಯಲ್ಲಿದ್ದರೆ ಸಾಲದು.